ಮೂಕ ಸಿನಿಮಾಕ್ಕೆ ಬಾಯಿ ಬಂದ ಸಂಜೆ

ನಾನು ಚಿಕ್ಕವಳಿದ್ದಾಗ ನಮ್ಮೂರು ಗೊರೇಬಾಳದಲ್ಲಿ ಸಿನಿಮಾ ಎಂದರೆ ಸಿಂಧನೂರಿನಿಂದ ಬಾಡಿಗೆಗೆ ತಂದ ಟಿವಿ, ವಿಸಿಆರ್. ಭತ್ತದ ಸುಗ್ಗಿ ಮುಗಿದ ಮೇಲೆ ಯಾರಾದರೊಬ್ಬರು ತರುತ್ತಿದ್ದರು, ಓಣಿಯೆಲ್ಲ ಅವರ ಅಂಗಳದಲ್ಲಿ ಕೂಡುತ್ತಿತ್ತು. ಹೊಸ ಹುಲ್ಲಿನ ವಾಸನೆ, ಉಡಿಯಲ್ಲಿ ಹುರಿದ ಶೇಂಗಾ, ಜೊತೆಗೆ ಕಾಲುವೆ ನೀರು ಬಂದಾಗಿನಿಂದ ನಮ್ಮ ಬೆನ್ನು ಬಿಡದ ಸೊಳ್ಳೆ.

ಆ ವರ್ಷ ತಂದವನು ನನ್ನ ಸೋದರಮಾವ ಹನುಮಂತ. ಗುರುಗುಂಟಾ ಊರಿನವನು. ಅಕ್ಕನ ಊರಲ್ಲಿ ಹೆಸರು ಮಾಡಬೇಕೆಂಬ ಹುಚ್ಚು. "ಬಡಿದಾಟದ ಸಿನಿಮಾ ತಂದೀನಿ" ಎಂದು ಮನೆಮನೆಗೂ ಸಾರಿ ಬಂದಿದ್ದ. ದೀಪ ಹಚ್ಚುವ ಹೊತ್ತಿಗೆ ಶುರುವಾಯಿತು. ಕಪ್ಪು ಬಿಳುಪು ಚಿತ್ರ. ಉದ್ದ ಅಂಗಿಯ ದಪ್ಪ ಮನುಷ್ಯನೊಬ್ಬ ನಿದ್ದೆ ಬಾರದೆ ಹೊರಳಾಡುತ್ತಿದ್ದಾನೆ. ಬಾಯಿ ಆಡುತ್ತದೆ, ಮಾತು ಕೇಳಿಸದು. ಮಾವ ಟಿವಿಯ ತಲೆಗೆ ನಾಲ್ಕು ಬಡಿದ. ಬಾಡಿಗೆ ಅಂಗಡಿಯವನು ಯಾವುದೋ ಮೂಕ ಸಿನಿಮಾದ ಕ್ಯಾಸೆಟ್ ಕೊಟ್ಟು ಕಳಿಸಿದ್ದ.

"ಗುರುಗುಂಟಾದಾಗ ಎಲ್ಲಾರೂ ಮೂಗರೇನಪಾ?" ಎನ್ನುತ್ತ ಪಕ್ಕದ ಮನೆಯ ಬಸಣ್ಣ ಎದ್ದು ನಿಂತ. ಹೆಂಗಸರು ಮಕ್ಕಳನ್ನು ಎತ್ತಿಕೊಳ್ಳತೊಡಗಿದರು. ಮಾವನ ಮುಖ ನೋಡಲಾಗಲಿಲ್ಲ. ಜನ ಹೀಗೇ ಎದ್ದುಹೋದರೆ ಅವನು ಮತ್ತೆ ನಮ್ಮೂರಿಗೆ ಕಾಲಿಡುವವನಲ್ಲ.

ಅಷ್ಟರಲ್ಲಿ ಆ ದಪ್ಪ ಮನುಷ್ಯನ ಮೂಗಿನ ಮೇಲೆ ಸೊಳ್ಳೆ ಕೂತಿತು. "ಬಾಯಿ ಮುಚ್ಚಬೇ" ಎಂದು ಅವ್ವನಿಂದ ದಿನಾ ಬೈಸಿಕೊಳ್ಳುತ್ತಿದ್ದ ನನ್ನ ಬಾಯಿ ತಡೆಯಲಿಲ್ಲ. ಗಂಡುದನಿ ಮಾಡಿ ಕೂಗಿದೆ:

"ಏ ಸೊಳ್ಳಿ, ಗೊರೇಬಾಳ ಬಿಟ್ಟು ಇಲ್ಲೀತನಾ ಬಂದಿಯೇನಲೇ? ಅಲ್ಲಿ ಬಸಣ್ಣನ ರಕ್ತ ಖಾಲಿ ಆತೇನು?"

ಮೊದಲು ನಕ್ಕವನು ಬಸಣ್ಣನೇ. ನಗುತ್ತಲೇ ಕೂತ. ನನಗೆ ಹುರುಪೇರಿತು. ಸಿನಿಮಾದ ದಪ್ಪ ಮನುಷ್ಯ ದಿಂಬು ಗುದ್ದಿದರೆ, "ದಿಂಬಲ್ಲರೀ, ಭತ್ತದ ಚೀಲ". ಮಂಚದ ಕಾಲು ಮುರಿದರೆ, "ಬೀಗರು ಕೊಟ್ಟ ಮಂಚರೀ, ಇನ್ನೇನಾಕ್ಕೈತಿ". ಓಣಿ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಗಂಟಲು ಒಣಗಿ ಒಂದು ಗಳಿಗೆ ನಿಲ್ಲಿಸಿದೆ. ಹಿಂದಿನಿಂದ ಅವ್ವನ ದನಿ ಬಂತು.

"ಯಾಕ ಸುಮ್ನಾದಿ? ಮಾತಾಡಬೇ."

ಸಿನಿಮಾ ಮುಗಿದ ಮೇಲೆ ಮೊದಲಿನಿಂದ ಮತ್ತೆ ಹಾಕಿಸಿದರು. ಮಾವ ನನ್ನನ್ನು ಹೆಗಲ ಮೇಲೆ ಹೊತ್ತು ಓಣಿಯೆಲ್ಲ ತಿರುಗಿದ. ಅಂಥ ಮೆರವಣಿಗೆ ನನ್ನ ಮದುವೆಯಲ್ಲೂ ಆಗಲಿಲ್ಲ.

ಈಗ ನನ್ನ ಮಕ್ಕಳು ಅಂಥವೇ ಸಿನಿಮಾಗಳನ್ನು ಮೊಬೈಲಿನಲ್ಲಿ ಒಬ್ಬೊಬ್ಬರೇ ನೋಡಿ, ಒಬ್ಬೊಬ್ಬರೇ ನಗುತ್ತಾರೆ. ಒಂದೇ ಪೆಟ್ಟಿಗೆಯ ಮುಂದೆ ಕೂತು ನಗುತ್ತಿದ್ದ ಓಣಿ ಇಲ್ಲ, ಅವ್ವನೂ ಇಲ್ಲ. ನಾನು ನಡುವೆ ಬಾಯಿ ಹಾಕಿದರೆ "ಮಮ್ಮಿ, ಸುಮ್ನಿರು" ಎನ್ನುತ್ತಾರೆ. ಒಂದು ಗಳಿಗೆ ಸುಮ್ಮನಿರುತ್ತೇನೆ. ಆಮೇಲೆ ಆ ಸಂಜೆ ಅವ್ವ ನನ್ನನ್ನು ಕೇಳಿದ್ದು ನೆನಪಾಗಿ, ಮತ್ತೆ ಶುರುಮಾಡುತ್ತೇನೆ.