ಹೊರಡುವ ಮುನ್ನ ಕೈ ತೊಳೆದವರು

ಅವರ ಬಲಗೈ ತೋರುಬೆರಳಿನ ಮೇಲೆ ದಾರ ಹಾದು ಹಾದು ಕೊರೆದ ಆಳವಾದ ಗೀರೊಂದಿತ್ತು. ಗಂಗೊಳ್ಳಿಯಲ್ಲಿ ಬಲೆ ಹೆಣೆಯುವವರ ಮನೆಯಲ್ಲಿ ಬೆಳೆದ ಬೆರಳು ಅದು. ಕುಂದಾಪುರದ ನಮ್ಮ ಕಾಲೇಜಿನ ಗ್ರಂಥಪಾಲಕರಾದ ಮೇಲೂ ಅದಕ್ಕೆ ಬಿಡುವಿರಲಿಲ್ಲ. ಹೊಲಿಗೆ ಬಿಟ್ಟ ಪುಸ್ತಕಗಳನ್ನೆಲ್ಲ ಅವರು ಬಲೆಯ ನೈಲಾನ್ ದಾರದಿಂದಲೇ ಹೊಲಿಯುತ್ತಿದ್ದರು.

೧೯೯೭ರಲ್ಲಿ ನಾನು ಅಲ್ಲಿಗೆ ಇತಿಹಾಸದ ಅಧ್ಯಾಪಕನಾಗಿ ಸೇರಿದೆ. ಹಾಲಾಡಿ ಕಡೆಯ ಗದ್ದೆಮನೆಯವನು, ಎಂ.ಎ.ಯಲ್ಲಿ ಪದಕ ತೆಗೆದವನು. ಕಾಲು ನೆಲದ ಮೇಲೆ ಇರಲಿಲ್ಲ ಎನ್ನಿ. ಬ್ರಿಟಿಷರ ಕಾಲದ ನಮ್ಮ ಕರಾವಳಿಯ ಆಡಳಿತದ ಬಗ್ಗೆ ಪಿಎಚ್.ಡಿ. ಶುರು ಮಾಡಿದ್ದೆ. ರಜೆ ಸಿಕ್ಕರೆ ಸಾಕು, ಮದ್ರಾಸಿನ ದಾಖಲೆ ಭಂಡಾರಕ್ಕೆ ಓಡುತ್ತಿದ್ದೆ. ಆದರೆ ನನ್ನ ತರಗತಿಯ ಹುಡುಗರು ಮಾತ್ರ ಸಂಶಯ ಬಂದರೆ ನನ್ನ ಬಳಿ ಬರುತ್ತಿರಲಿಲ್ಲ. ನೇರ ಲೈಬ್ರರಿಗೆ ಹೋಗಿ ಈ ಗ್ರಂಥಪಾಲಕರ ಮೇಜಿನ ಸುತ್ತ ನಿಲ್ಲುತ್ತಿದ್ದರು. ಕಿಟಕಿಯಿಂದ ಅದನ್ನು ಕಂಡಾಗಲೆಲ್ಲ ನನಗೆ ಮೈ ಉರಿಯುತ್ತಿತ್ತು.

ಯಾವ ಹಳೆಯ ದಾಖಲೆ ತೋರಿಸಿದರೂ ಅವರದ್ದು ಒಂದೇ ಪ್ರಶ್ನೆ. "ಇದನ್ನ್ ಬರ್ದವ ಎಲ್ಲಿ ನಿಂತ್ಕಂಡ್ ಬರ್ದದ್ದ್? ಬೇಲಿ ಒಳ್ಗಾ, ಹೊರ್ಗಾ?" ವಸಾಹತುಶಾಹಿಯ ಇತಿಹಾಸವನ್ನು ಹೇಗೆ ಓದಬೇಕು ಎಂದು ನಾನು ದಪ್ಪ ದಪ್ಪ ಪುಸ್ತಕಗಳಿಂದ ಕಲಿತದ್ದನ್ನು ಈ ಮನುಷ್ಯ ಇಷ್ಟರಲ್ಲಿ ಮುಗಿಸಿಬಿಡುತ್ತಿದ್ದರು. ಅದೂ ಅಂಟಿನ ಡಬ್ಬಿಯ ಮುಚ್ಚಳ ತೆಗೆಯುತ್ತಾ!

ಪುಸ್ತಕದ ವಿಷಯದಲ್ಲಿ ಮಾತ್ರ ಅವರಷ್ಟು ಕಟ್ಟುನಿಟ್ಟಿನವರನ್ನು ನಾನು ಕಾಣೆ. ಒಮ್ಮೆ ಪ್ರಾಂಶುಪಾಲರು ಪೆನ್ಸಿಲಿನಲ್ಲಿ ಅಡಿಗೆರೆ ಎಳೆದ ಪುಸ್ತಕ ಹಿಂದಿರುಗಿಸಿದಾಗ ಇವರು ರಬ್ಬರ್ ತೆಗೆದು ಅವರ ಕೈಗಿತ್ತರು. "ಹ್ವಾಯ್ ಸರ್, ಅಳ್ಸಿ ಕೊಡಿ. ಮತ್ತೊಬ್ರ್ ಓದೂಕಿತ್ತ್ ಅಲ್ದಾ?" ಪ್ರಾಂಶುಪಾಲರು ನಿಂತಲ್ಲೇ ಅಳಿಸಿದರು.

ಅವರಿಗೆ ಇನ್ನೊಂದು ವಿಚಿತ್ರ ಅಭ್ಯಾಸವಿತ್ತು. ಸಂಜೆ ಐದಕ್ಕೆ ಬೀಗ ಹಾಕಿ, ಜಗಲಿಯ ನಲ್ಲಿಯಲ್ಲಿ ಎರಡೂ ಕೈ ತೊಳೆದು, ಪಂಚೆಯ ಅಂಚನ್ನೂ ಒದ್ದೆ ಮಾಡಿ ಹಿಂಡಿಯೇ ಹೊರಡುತ್ತಿದ್ದರು. ಜಡಿಮಳೆಯಿದ್ದರೂ ಅಷ್ಟೆ. ಒಂದು ದಿನ ನಾಲ್ಕು ಜನರ ಎದುರಿಗೇ ನಾನು ಕೆಣಕಿದೆ: "ಎಂತ ಮಾರ್ರೆ, ಮೀನಿನ್ ವಾಸ್ನಿ ಇನ್ನೂ ಹೋಯಿಲ್ಯಾ?"

ಅವರು ನಕ್ಕರು. "ಅಜ್ಜಿ ಮಾಡ್ತಿದ್ರ್, ಅಬ್ಬಿ ಮಾಡ್ತ್ರ್, ನಾನೂ ಮಾಡ್ತೆ. ಎಂತಕ್ಕೆ ಅಂದೇಳಿ ನಂಗೂ ಗೊತ್ತಿಲ್ಲೆ ಸರ್." ಅಬ್ಬಿ ಎಂದರೆ ಅವರ ತಾಯಿ.

ನನ್ನ ಪ್ರಬಂಧ ಮುಗಿಯುತ್ತಾ ಬಂದಾಗ ಗ್ರಂಥಸೂಚಿ ನೋಡಿಕೊಡಿ ಎಂದು ಕರಡನ್ನು ಅವರ ಕೈಗೆ ಕೊಟ್ಟೆ. ಅದರಲ್ಲಿ ಮೀನಿಗೆ ಉಪ್ಪು ಹಾಕಿ ಒಣಗಿಸುವ ಸರ್ಕಾರಿ ಯಾರ್ಡುಗಳ ಬಗ್ಗೆ ಒಂದು ಅಧ್ಯಾಯವಿತ್ತು. ಉಪ್ಪಿಗೆ ತೆರಿಗೆ ಇದ್ದ ಕಾಲ. ಮೀನಿಗೆ ಹಾಕಲು ಮಾತ್ರ ಅಗ್ಗದ ಉಪ್ಪನ್ನು ಬೇಲಿ ಹಾಕಿದ ಯಾರ್ಡಿನೊಳಗೆ ಕೊಡುತ್ತಿದ್ದರು. ಆ ಉಪ್ಪು ಒಂದು ಚಿಟಿಕೆ ಹೊರಗೆ ಹೋದರೂ ಅಪರಾಧ. ಅಲ್ಲಿ ಕೆಲಸ ಮಾಡುವ ಹೆಂಗಸರು ಹೊರಡುವ ಮುನ್ನ ಕೈ ಮತ್ತು ಬಟ್ಟೆ ತೊಳೆಯುವಂತೆ ಮಾಡಿದ್ದೇವೆ, ಇದರಿಂದ ಶುಚಿತ್ವ ಹೆಚ್ಚಿದೆ ಎಂದು ಒಬ್ಬ ಅಧಿಕಾರಿ ಬರೆದ ಹಾಳೆ ನನಗೆ ಮದ್ರಾಸಿನಲ್ಲಿ ಸಿಕ್ಕಿತ್ತು. ಅದನ್ನು ನಂಬಿ, ಕಡತ ಸಂಖ್ಯೆಯನ್ನೂ ಕೊಡದೆ ನಾನೂ ಬರೆದಿದ್ದೆ: "ಮೀನುಗಾರ ಹೆಂಗಸರಲ್ಲಿ ಶುಚಿತ್ವದ ಅರಿವು ಮೂಡಿಸಿದ್ದು ಈ ಯಾರ್ಡುಗಳು."

ಮರುದಿನ ಬೆಳಿಗ್ಗೆ ಅವರು ಕರಡು ಹಿಡಿದುಕೊಂಡು ಅಧ್ಯಾಪಕರ ಕೋಣೆಗೇ ಬಂದರು. ಅದುವರೆಗೆ ಒಮ್ಮೆಯೂ ಅಲ್ಲಿಗೆ ಬಂದವರಲ್ಲ.

"ಸರ್, ಈ ಸಾಲನ್ನ್ ಅಬ್ಬಿಗೆ ಓದಿ ಹೇಳ್ದೆ. ಅಬ್ಬಿ ಸಣ್ಣ ಹುಡ್ಗಿ ಆಯಿಪ್ಪತಿಗೆ ಅಜ್ಜಿ ಒಟ್ಟಿಗೆ ಯಾರ್ಡಿಗೆ ಹೋತಿದ್ರಂಬ್ರ್. ಹೆಂಗ್ಸ್ರ್ ಸೀರಿ ಸೆರ್ಗನ್ನ ಉಪ್ಪ್‌ನೀರಂಗೆ ಅದ್ದಿ, ಒಣ್ಸ್ಕಂಡ್, ಮನಿಗ್ ಬಂದ್ ಅದನ್ನೇ ಗಂಜಿ ನೀರಿಗೆ ಹಿಂಡ್ತಿದ್ರ್. ಅದ್ ಗೊತ್ತಾಯಿ ಗೇಟಂಗೆ ನಿಲ್ಸಿ ತೊಳ್ಸೂಕೆ ಶುರು ಮಾಡ್ರ್. ಅದ್ ಚೊಕ್ಕಕ್ಕಲ್ಲ ಸರ್. ಉಪ್ಪ್ ಮನಿಗೆ ಹೋಪುಕಾಗ ಅಂದೇಳಿ."

ಮಾತು ಕೇಳಿದೊಡನೆ ಅದು ಸತ್ಯವೆಂದು ನನಗೆ ತಿಳಿಯಿತು. ಅದೇ ನನ್ನ ಸಂಕಟ. ಆರು ವರ್ಷ ಧೂಳು ಕುಡಿದವನು ನಾನು. ಇವರಿಗೆ ಮಾತ್ರ ಮನೆಗೆ ಹೋಗಿ ತಾಯಿಯ ಪಕ್ಕ ಕೂತರೆ ಸಾಕಾಯಿತು. ಎಷ್ಟು ಹೊಟ್ಟೆಕಿಚ್ಚಾಯಿತೆಂದರೆ ಅವರ ಮುಖ ನೋಡಲಾಗಲಿಲ್ಲ. "ಮುದುಕಿಯರ ಮಾತನ್ನು ಆಧಾರ ಅಂತ ಯಾರೂ ಒಪ್ಪುದಿಲ್ಲ" ಎಂದೆ. ಸಾಲನ್ನು ಬದಲಿಸದೆ ಪ್ರಬಂಧ ಸಲ್ಲಿಸಿದೆ.

ಕರಡು ತಂದ ದಿನವೇ ಸಂಜೆ ಅವರು ನಲ್ಲಿಯ ಮುಂದೆ ಸುಮ್ಮನೆ ನಿಂತಿದ್ದರು. ತಿರುಗಿಸಿದರು, ನಿಲ್ಲಿಸಿದರು, ಕೊನೆಗೆ ಮತ್ತೆ ತಿರುಗಿಸಿ ಕೈ ತೊಳೆದರು. ನನ್ನನ್ನು ಕಂಡು, "ಗೊತ್ತಾದ್ರೂ ಕೈ ಮಾತ್ ಕೇಣುದಿಲ್ಲೆ ಸರ್" ಎಂದರು.

ಕೆಲವು ವಾರ ಕಳೆದು ಆ ಹಾಳೆಯ ಕಡತ ಸಂಖ್ಯೆ ಕೇಳಿದರು. ಅಧಿಕಾರಿಯ ಮಾತು, ಅಬ್ಬಿಯ ಮಾತು ಎರಡನ್ನೂ ಒಟ್ಟಿಗಿಟ್ಟು ಲೇಖನ ಬರೆಯುವ ಆಸೆ ಅವರಿಗೆ. ಸಂಖ್ಯೆಯಿಲ್ಲದೆ ಬರೆಯುವವರು ಅವರಲ್ಲ. ಮದ್ರಾಸಿಗೆ ಹೋಗಿ ಹುಡುಕುವ ಅನುಕೂಲವೂ ಇರಲಿಲ್ಲ. "ಆ ಟಿಪ್ಪಣಿಗಳಿಗೆಲ್ಲ ಗೆದ್ದಲು ಹಿಡಿಯಿತು" ಎಂದುಬಿಟ್ಟೆ. ಆ ಹಾಳೆಯ ನಕಲು, ಕಡತ ಸಂಖ್ಯೆ ಸಹಿತ, ನನ್ನ ಉಕ್ಕಿನ ಕಪಾಟಿನಲ್ಲಿ, ಪ್ಲಾಸ್ಟಿಕ್ ಚೀಲದೊಳಗೆ ಭದ್ರವಾಗಿತ್ತು. ಮುಂದೆಯೂ ಎರಡು ಸಲ ಕೇಳಿದರು. ನನ್ನ ಉತ್ತರ ಬದಲಾಗಲಿಲ್ಲ. ಆಮೇಲೆ ಕೇಳುವುದನ್ನು ಬಿಟ್ಟರು.

ಅವರು ನಿವೃತ್ತರಾದರು. ಮೂರು ನಾಲ್ಕು ವರ್ಷವಾದ ಮೇಲೆ, ಸಕ್ಕರೆ ಕಾಯಿಲೆಯಿಂದ ಕಣ್ಣು ಹೋಗುತ್ತಿದೆ ಎಂದು ಯಾರೋ ಹೇಳಿದರು. ಇನ್ನು ತಡೆದರೆ ಆ ಹಾಳೆಯನ್ನು ಅವರು ಓದಲಾರರು ಎನ್ನಿಸಿತು. ಅದನ್ನು ಎತ್ತಿಕೊಂಡು ಗಂಗೊಳ್ಳಿಯ ಬಸ್ಸು ಹತ್ತಿದೆ.

ಜಗಲಿಯಲ್ಲಿ ಕೂತಿದ್ದರು. ಹಾಳೆಯನ್ನು ಕಣ್ಣಿಗೆ ಹತ್ತಿರ ಹಿಡಿದು ಬಹಳ ಹೊತ್ತು ಓದಿದರು. ಆಮೇಲೆ ಆ ಗೀರುಬಿದ್ದ ಬೆರಳಿನಿಂದ ನಾಲ್ಕೂ ಅಂಚನ್ನು ಸವರಿದರು.

"ಗೆದ್ಲ್ ತಿಂದಿಲ್ಲೆ ಅಲ್ದಾ? ಒಳ್ಳೇದಾಯ್ತ್."

ಅಣಕವಲ್ಲ, ಕಾಗದ ಉಳಿಯಿತೆಂಬ ಸಂತೋಷ ನಿಜವಾಗಿಯೂ ಆ ಮುಖದಲ್ಲಿತ್ತು. ಅದಕ್ಕಿಂತ ಅವರು ಬೈದಿದ್ದರೆ ಆಗುತ್ತಿತ್ತು. "ನಂಗೆ ನಿಮ್ಮ ಮೇಲೆ ಹೊಟ್ಟೆಕಿಚ್ಚಿತ್ತು" ಎಂದೆ.

"ನಂಗೂ ಇತ್ತ್ ಸರ್," ಎಂದರು. "ಅಜ್ಜಿ ಕೈ ತೊಳ್ಸಿದವ ಬರ್ದ ಕಾಗ್ದ, ಅದನ್ನ ಮುಟ್ಟಿ ಬಂದದ್ದ್ ನೀವ್. ನಾನಲ್ಲ."

ಲೇಖನ ನೀವು ಹೇಳಿ, ನಾನು ಬರೆದುಕೊಳ್ಳುತ್ತೇನೆ ಎಂದೆ. ಅವರು ತಲೆಯಾಡಿಸಿದರು.

"ಲೇಖನ ಎಲ್ಲ ಇನ್ನ್ ಬ್ಯಾಡ. ನಿಮ್ ಪ್ರಬಂಧದ ಪ್ರತಿ ಲೈಬ್ರರಿಯಂಗಿತ್ತಲ್ದಾ, ಆ ಸಾಲಿಗೆ ಗೀಟ್ ಹಾಕಿ ಸರಿ ಮಾಡಿ. ಪುಸ್ತಕದ್ ಮೇಲೆ ಬರ್ಯೂಕೆ ನಾ ಯಾರಿಗೂ ಬಿಟ್ಟವ ಅಲ್ಲ. ನಿಮ್ಗೆ ಬಿಡ್ತೆ. ಪೆನ್ನಂಗೇ ಬರ್ದ್ ಬಿಡಿ, ಅಳ್ಸೂಕಾಗ."

ಮರುದಿನವೇ ಲೈಬ್ರರಿಗೆ ಹೋಗಿ ಆ ಸಾಲನ್ನು ಹೊಡೆದುಹಾಕಿದೆ. ಪಕ್ಕದಲ್ಲಿ ಅಬ್ಬಿ ಹೇಳಿದ್ದನ್ನು ಬರೆದು, ಕೆಳಗೆ ಕಡತ ಸಂಖ್ಯೆ ಹಾಕಿ, ಫೋನು ಮಾಡಿ ಓದಿ ಹೇಳಿದೆ.

"'ಕಳವು' ಅಂದೇಳಿ ಬರ್ದಿರಾ?" ಎಂದು ಕೇಳಿದರು.

"ಇಲ್ಲ. 'ಗಂಜಿಗೆ ಉಪ್ಪು' ಅಂತ ಬರೆದೆ."

"ಇನ್ನೊಂದ್ ಸಲ ಓದಿ ಕಾಂಬ."

ಓದಿದೆ. ಅದಾಗಿ ಎರಡು ತಿಂಗಳಿಗೆ ಅವರು ತೀರಿಕೊಂಡರು.

ಆ ಪ್ರತಿಯನ್ನು ಕೈಗೆತ್ತಿಕೊಂಡರೆ ಈಗ ಅದೇ ಪುಟ ತಾನಾಗಿ ತೆರೆದುಕೊಳ್ಳುತ್ತದೆ. ಹುಡುಗರು ಆ ಕೈಬರಹದ ನಾಲ್ಕು ಸಾಲು ಓದಿ, ಉಳಿದ ಮುನ್ನೂರು ಪುಟ ಮುಟ್ಟದೆ ಹಿಂದಿರುಗಿಸುತ್ತಾರೆ. ಆ ಸಾಲುಗಳಿಗಾಗಿ ಆ ಗ್ರಂಥಪಾಲಕರ ಮೇಲೆ ನನಗೆ ಈಗಲೂ ಹೊಟ್ಟೆಕಿಚ್ಚಿದೆ.