ಎದುರುಮನೆ ಅಕ್ಕನ ದನಿ

ಮೊನ್ನೆ ತಿಕೋಟಾದಲ್ಲಿ ಬಸ್ಸಿಳಿದಾಗ ಗಂಧಕದ ಹೊಗೆಯ ವಾಸನೆ ಮೂಗಿಗೆ ಬಡಿಯಿತು. ಒಣದ್ರಾಕ್ಷಿಗೆ ಬಣ್ಣ ಬರಲೆಂದು ಶೆಡ್ಡುಗಳಲ್ಲಿ ಹಾಕುವ ಹೊಗೆ ಅದು. ನಮ್ಮ ಎದುರುಮನೆಯ ಅಕ್ಕ ಸಂಜೆ ಕಟ್ಟೆಗೆ ಬಂದು ಕೂತರೆ ಅವಳ ಸೀರೆಗೂ ಇದೇ ವಾಸನೆ ಇರುತ್ತಿತ್ತು...

ಅಕ್ಕ ದ್ರಾಕ್ಷಿ ಆರಿಸುವ ಕೆಲಸಕ್ಕೆ ಹೋಗುತ್ತಿದ್ದಳು. ಒಮ್ಮೆ ಸಿನಿಮಾ ಮಾಡುವ ನಾಲ್ಕೈದು ಹುಡುಗರು ಬಾಡಿಗೆ ಕ್ಯಾಮೆರಾ ಹಿಡಿದು ಅವಳ ಶೆಡ್ಡಿಗೆ ಬಂದರು. ಅವಳು ಮೇಸ್ತ್ರಿಯೊಡನೆ ಜಗಳಾಡುವುದನ್ನು ಕಂಡು, ಕ್ಯಾಮೆರಾ ಮುಂದೆಯೂ ಹಾಗೇ ಆಡು ಎಂದರು. ಆಡಿದಳು. ಆ ಚಿತ್ರ ನಮ್ಮ ಕಡೆಗೆ ಬರಲೇ ಇಲ್ಲ. ಎಲ್ಲೆಲ್ಲೋ ಚಿತ್ರೋತ್ಸವಗಳಿಗೆ ಹೋಯಿತಂತೆ. ಆಮೇಲೆ ಅಂಥವೇ ಸಣ್ಣ ಚಿತ್ರಗಳು ಒಂದರ ಹಿಂದೊಂದು ಬಂದವು. ಎಷ್ಟೋ ವರ್ಷ ಅಕ್ಕ ತಾಯಿಯಾಗಿ, ವಿಧವೆಯಾಗಿ, ಕೂಲಿಯವಳಾಗಿ ಅತ್ತಳು. ಶೂಟಿಂಗ್ ಮುಗಿದ ಮರುದಿನ ಮತ್ತೆ ಶೆಡ್ಡು.

ಒಂದು ಚಿತ್ರ ಮಾತ್ರ ವಿಜಯಪುರದ ಟಾಕೀಸಿಗೆ ಬಂತು. ಓಣಿಯ ಹೆಂಗಸರೆಲ್ಲ ಹೋದೆವು. ತೆರೆಯ ಮೇಲೆ ಅಕ್ಕ ಬಾಯಿ ತೆರೆದಳು. ಬಂದದ್ದು ಬೇರೆ ಯಾರದೋ ನಯವಾದ ದನಿ, ಬೇರೆ ಸೀಮೆಯ ಕನ್ನಡ. ಅವಳಿಗೆ ಯಾರೂ ಮೊದಲೇ ಹೇಳಿರಲಿಲ್ಲ. ಹಿಂದಿನ ಸಾಲಿನಲ್ಲಿ ಯಾರೋ ನಕ್ಕರು. ಅಕ್ಕ ಕೊನೆಯವರೆಗೂ ಕದಲದೆ ಕೂತಿದ್ದಳು. ಬಸ್ಸಿನಲ್ಲಿ ಊರಿಗೆ ಮರಳುವಾಗ ಕಿಟಕಿಗೆ ತಲೆ ಆನಿಸಿ, "ನನ್ನ ಮಾತು ಅವರಿಗೆ ಬ್ಯಾಡಾತು ತಂಗಿ. ಅಳೂದಷ್ಟ ಬೇಕಾತು. ಭಾಳ ದಣದೇನಿ ನೋಡ..." ಎಂದಳು.

ಅಲ್ಲಿಂದ ಮುಂದೆ ಯಾರು ಕರೆದರೂ ಅವಳದು ಒಂದೇ ಮಾತು. "ದನಿ ನಂದ ಇರಬೇಕ್ರಿ. ಇಲ್ಲಾಂದ್ರ ಬ್ಯಾರೆಯವರನ್ನ ನೋಡ್ಕೊಳ್ರಿ."

ನೋಡಿಕೊಂಡರು. ಫೋನು ಬರುವುದು ನಿಂತಿತು.

ಬಹಳ ದಿನಗಳ ಮೇಲೆ ಘೋಣಸಗಿಯ ಹುಡುಗಿಯೊಬ್ಬಳು ಆ ಮಾತಿಗೆ ಒಪ್ಪಿ, ಭೂತನಾಳ ಕೆರೆಯ ದಂಡೆಯಲ್ಲಿ ಚಿತ್ರ ತೆಗೆದಳು. ಅಷ್ಟರಲ್ಲಿ ಅಕ್ಕನಿಗೆ ಉಸಿರಾಟದ ತೊಂದರೆ ಹತ್ತಿತ್ತು. ಎರಡು ಮಾತಾಡಿ ಕೂರುವಳು, ಸುಧಾರಿಸಿಕೊಂಡು ಏಳುವಳು. ಚಿತ್ರ ಸಿದ್ಧವಾಗುವ ಮೊದಲೇ ಹೋಗಿಬಿಟ್ಟಳು.

ಆ ಹುಡುಗಿ ನಮ್ಮ ಮನೆಗೆ ಬಂದಳು. ಒಂದು ದೃಶ್ಯದಲ್ಲಿ ಕೆರೆಯ ಗಾಳಿಗೆ ಅಕ್ಕನ ಮಾತು ಅರ್ಧಂಬರ್ಧ ಕೇಳುತ್ತಿತ್ತಂತೆ.

"ನೀವೂ ಅವರಂಗ ಮಾತಾಡ್ತೀರಿ ಅಕ್ಕಾರ. ಆ ನಾಕ ಮಾತು ನೀವ ಹೇಳ್ರಿ."

ಪಾಪ, ಅವಳ ಕಣ್ಣಲ್ಲೂ ನೀರಿತ್ತು. ಆದರೂ ನಾನು, "ಬ್ಯಾಡವಾ. ಕೇಳಿದಷ್ಟ ಕೇಳ್ಲಿ. ಅಕೀ ದನೀನ ಇರ್ಲಿ," ಎಂದೆ. ಅವಳು ಹಾಗೇ ಬಿಟ್ಟಳು.

ಈಗ ಆ ಚಿತ್ರ ನನ್ನ ಫೋನಿನಲ್ಲಿದೆ. ಆ ದೃಶ್ಯ ಬಂದಾಗ ಕಿವಿಗೆ ಹಿಡಿಯುತ್ತೇನೆ. ಅಕ್ಕ ಏನೋ ಹೇಳುತ್ತಾಳೆ, ಗಾಳಿ ಬೀಸುತ್ತದೆ, ಮತ್ತೆ ಏನೋ ಹೇಳುತ್ತಾಳೆ... ಏನಂದಿ ಅಕ್ಕಾ ಎಂದು ಹೋಗಿ ಕೇಳೋಣವೆಂದರೆ, ಎದುರುಮನೆಗೆ ಬೇರೆಯವರು ಬಾಡಿಗೆಗೆ ಬಂದಿದ್ದಾರೆ.