ಎಂಪಿ ಇಳಿಯುವ ಮನೆ

ಕಾನಹೊಸಹಳ್ಳಿಯಲ್ಲಿ ಹೆದ್ದಾರಿಗೆ ಮುಖ ಮಾಡಿದ ಮಂಡಕ್ಕಿ-ಮಿರ್ಚಿ ಅಂಗಡಿ ಜಂಬಮ್ಮನದು. ಅಂಗಡಿಯ ಹಿಂದೆಯೇ ಮನೆ. ತೊಂಬತ್ತರ ದಶಕದ ಕೊನೆಯಲ್ಲಿ ಅವಳಿಗೆ ಇದ್ದಕ್ಕಿದ್ದಂತೆ ರಾಜಕೀಯ ವರ್ಚಸ್ಸು ಬಂದುಬಿಟ್ಟಿತು. ಲೋಕಸಭೆಗೆ ಆರಿಸಿ ಹೋಗಿದ್ದ ಶಿವಬಸಮ್ಮನವರ ಕಾರು ಪ್ರತಿ ಪ್ರವಾಸದಲ್ಲೂ ಅವಳ ಬಾಗಿಲಲ್ಲೇ ನಿಲ್ಲುತ್ತಿತ್ತು. ಎಂಪಿ ಒಬ್ಬರೇ ಒಳಗೆ ಹೋಗುವರು. ಸ್ವಲ್ಪ ಹೊತ್ತಿಗೆ ಪ್ರಸನ್ನವದನರಾಗಿ ಹೊರಬರುವರು.

"ಒಳಗ ಏನ್ ಮಾತಾತವ್ವಾ?" ಎಂದು ಪಕ್ಷದ ಗಂಗಪ್ಪ ಕೇಳುವನು.

"ಹೆಣ್ಮಕ್ಕಳ ಮಾತು, ನಿಮಗ್ಯಾಕ್ರಿ?" ಎನ್ನುವಳು ಜಂಬಮ್ಮ.

ಅರ್ಧ ಊರಿನ ಓಟು ಇವಳ ಸೆರಗಿನಲ್ಲಿದೆ ಎಂದುಕೊಂಡ ಗಂಗಪ್ಪ, ಕಂಡಲ್ಲೆಲ್ಲ ಕೈಮುಗಿಯತೊಡಗಿದ.

ಅವಳಲ್ಲಿದ್ದದ್ದು ಓಟಲ್ಲ, ಕಕ್ಕಸು. ಎಂಪಿಯ ಹಿಂದೆ ಬರುವ ಜೀಪುಗಳ ತುಂಬ ಗಂಡಸರು. ಅವರಿಗೆ ದಾರಿಯ ಪ್ರತಿ ಜಾಲಿಗಿಡವೂ ಅನುಕೂಲವೇ. ಜನರ ಬಾಧೆ ಕೇಳಲು ಹೊರಟ ಶಿವಬಸಮ್ಮನವರು ತಮ್ಮ ಜಲಬಾಧೆಯನ್ನು ಯಾರಿಗೆ ಹೇಳಬೇಕು? ದಿನವಿಡೀ ನೀರು ಮುಟ್ಟದೆ ಭಾಷಣ ಮಾಡಿ, ಒಮ್ಮೆ ಉರಿಮೂತ್ರದಿಂದ ಆಸ್ಪತ್ರೆಯನ್ನೂ ಸೇರಿದ್ದರು.

"ಡೆಲ್ಲ್ಯಾಗ ಚಿಂತಿ ಇಲ್ಲವ್ವಾ, ಪಾರ್ಲಿಮೆಂಟಿನ್ಯಾಗ ಎಲ್ಲಾ ಐತಿ. ಓಟು ಕೊಟ್ಟ ಊರಾಗ ಇಲ್ಲ ನೋಡು," ಎಂದು ಜಂಬಮ್ಮನೆದುರು ನಕ್ಕಿದ್ದರು. ಅವಳು ಯಾರೆದುರೂ ಬಾಯಿ ಬಿಟ್ಟಿರಲಿಲ್ಲ.

ಒಂದು ಮಧ್ಯಾಹ್ನ ಗಂಗಪ್ಪನಿಗೆ ಅತಿಬುದ್ಧಿ ಹುಟ್ಟಿತು. ಎಂಪಿಯ ಸಭೆಯನ್ನೇ ಜಂಬಮ್ಮನ ಹಿತ್ತಲಲ್ಲಿ ಇಟ್ಟುಕೊಂಡು, ಜಂಬಮ್ಮ ಅಂಗಡಿಯಲ್ಲಿ ಮಿರ್ಚಿ ಕರಿಯುತ್ತಿದ್ದಾಗಲೇ ಕಕ್ಕಸಿನ ಬಾಗಿಲಿಗೆ ಅಡ್ಡಲಾಗಿ ವೇದಿಕೆ ಕಟ್ಟಿಸಿದ. ಕಾರಿಳಿದ ಶಿವಬಸಮ್ಮನವರ ಮುಖ ಸಪ್ಪಗಾಯಿತು. ಹೇಳಿದರೆ ಎಂಪಿ ಅಕ್ಕನ ಮಾನ, ಹೇಳದಿದ್ದರೆ ಅಕ್ಕನ ಪ್ರಾಣ ಎಂದು ಜಂಬಮ್ಮ ಚಡಪಡಿಸಿದಳು.

"ಗಂಗಪ್ಪಣ್ಣಾ, ಆ ವೇದಿಕಿ ಒಂದೀಟು ಸರಸ್ರಿ."

"ಯಾಕವ್ವಾ, ಅಲ್ಲಿ ಅಂಥಾದ್ದೇನೈತಿ?"

ಜಂಬಮ್ಮನ ಪೇಚಾಟ ನೋಡಿದ ಶಿವಬಸಮ್ಮನವರು ಸೀದಾ ಮೈಕಿನ ಮುಂದೆ ಹೋದರು.

"ಅಲ್ಲಿ ಕಕ್ಕಸ ಐತಿ, ಗಂಗಪ್ಪ. ನಾ ಈ ಮನಿಗಿ ಬರೂದು ಅದಕ್ಕ. ಈ ತಂಗಿ ಬಾಗಿಲ ತೆಗೀದಿದ್ರ ನಿಮ್ಮ ಎಂಪಿ ಯಾವತ್ತೋ ಹಾಸಿಗಿ ಹಿಡೀತಿದ್ಲು. ಮೊದ್ಲು ಈಕೀಗಿ ಚಪ್ಪಾಳಿ ತಟ್ರಿ, ಆಮ್ಯಾಲ ವೇದಿಕಿ ಎತ್ರಿ!"

ಹೆಂಗಸರು ಬಿದ್ದು ಬಿದ್ದು ನಕ್ಕರು, ಕೈ ಕೆಂಪಾಗುವಂತೆ ತಟ್ಟಿದರು. ಗಂಡಸರು ನೆಲ ನೋಡಿದರು. ಮೊದಲ ಹಲಗೆಗೆ ಕೈಹಚ್ಚಿದವನು ಗಂಗಪ್ಪನೇ. ಬಸ್ ನಿಲ್ದಾಣದಲ್ಲಿ ಹೆಣ್ಣುಮಕ್ಕಳಿಗೆ ಶೌಚಾಲಯ ಕಟ್ಟಿಸುವ ಮಾತನ್ನೂ ಎಂಪಿ ಅಲ್ಲೇ ಕೊಟ್ಟರು.

ಮರುದಿನ ಬುಟ್ಟಿ ಹೊತ್ತು ಬಸ್ಸಿಳಿದ ಕಾಯಿಪಲ್ಲೆಯವಳೊಬ್ಬಳು ಅಂಗಡಿಯ ಮುಂದೆ ನಿಂತು ಕಣ್ಣು ಮಿಟುಕಿಸಿದಳು: "ಯಕ್ಕಾ, ಎಂಪಿ ಆದ್ರಷ್ಟ ಒಳಗ ಬಿಡ್ತೀಯೋ, ನಮ್ಮನ್ನೂ ಬಿಡ್ತೀಯೋ?"

"ಪುಟ್ಟಿ ಇಲ್ಲೇ ಇಟ್ಟು ಹೋಗಿ ಬಾರವ್ವಾ, ಕೊಡದಾಗ ನೀರೈತಿ," ಎಂದಳು ಜಂಬಮ್ಮ. ನಿಲ್ದಾಣದಲ್ಲಿ ಗೋಡೆ ಎದ್ದು ಬಾಗಿಲು ಕೂರುವತನಕ ಅವಳು ಹಗಲಲ್ಲಿ ಹಿತ್ತಲ ಅಗಳಿ ಹಾಕಲಿಲ್ಲ.